ಮಗ್ಗುಲ ಮನೆಯವರು ಹಾಕಿದ ನೀರು

ಕಂಪ್ಯೂಟರ್ ರಿಪೇರಿ ಮಾಡಿ ಹೊಟ್ಟೆ ಹೊರೆಯುವವನಿಗೆ ದೆವ್ವ ಭೂತಗಳಲ್ಲಿ ನಂಬಿಕೆ ಹುಟ್ಟುವುದು ಕಷ್ಟ. ಬೆಟಗೇರಿಯ ನನ್ನ ಅಂಗಡಿಗೆ ಬರುವ ಗಿರಾಕಿಗಳಲ್ಲಿ ಅರ್ಧ ಮಂದಿ, ಅದು ತಾನೇ ಚಾಲೂ ಆಗುತ್ತದೆ, ತಾನೇ ಬಂದ್ ಆಗುತ್ತದೆ ಎಂದು ಹೆದರಿದ ಮುಖ ಹೊತ್ತು ಬರುತ್ತಾರೆ. ಬಿಚ್ಚಿ ನೋಡಿದರೆ ಒಳಗೆ ಇಲಿ ಕಡಿದ ವೈರು, ಇಲ್ಲವೇ ಉಬ್ಬಿದ ಕೆಪಾಸಿಟರು. ಸೀರೆ ವ್ಯಾಪಾರಿಯೊಬ್ಬರು ತಮ್ಮ ಪ್ರಿಂಟರಿಗೆ ನಿಂಬೆಹಣ್ಣು ಕಟ್ಟಿಸಿಕೊಂಡೇ ನನ್ನಲ್ಲಿಗೆ ತಂದಿದ್ದರು. ನಾನು ನಿಂಬೆಹಣ್ಣು ಬಿಚ್ಚಿ ಅವರ ಕೈಗೆ ಕೊಟ್ಟು, ರೋಲರಿನಲ್ಲಿ ಸಿಕ್ಕಿಕೊಂಡಿದ್ದ ಜಿರಲೆಯನ್ನೂ ಕೊಟ್ಟೆ. ಆ ಕಥೆಯನ್ನು ಹೇಳಿಕೊಂಡು ವರ್ಷಗಟ್ಟಲೆ ನಕ್ಕಿದ್ದೇನೆ.

ಆದ್ದರಿಂದ ಈಗ ಹೇಳಲಿರುವುದನ್ನು ಹೇಳಲು ನನಗೆ ನಾಚಿಕೆಯಾಗುತ್ತದೆ. ಇಂಥವು ನಡುರಾತ್ರಿ, ಹಾಳುಬಿದ್ದ ಮನೆಯಲ್ಲಿ ನಡೆದರೆ ಹೇಳುವವನಿಗೂ ಒಂದು ಮರ್ಯಾದೆ. ನನಗಾದದ್ದು ಲಕ್ಷ್ಮೇಶ್ವರದಲ್ಲಿ, ಮಧ್ಯಾಹ್ನದ ಊಟದ ಹೊತ್ತು ಮುಗಿದ ಮೇಲೆ, ಚಹಾ ಕುಡಿಯುತ್ತ ಕೂತಿದ್ದಾಗ. ನಗುವವರು ಧಾರಾಳವಾಗಿ ನಗಬಹುದು. ನಾನೂ ನಿಮ್ಮ ಸಾಲಿನಲ್ಲೇ ಕೂತಿದ್ದವನು.

ಖಾದರ ಲಕ್ಷ್ಮೇಶ್ವರದವನು. ಗದಗಿನ ಒಂದು ಪ್ರೆಸ್ಸಿನಲ್ಲಿ ಲಗ್ನಪತ್ರಿಕೆಗಳನ್ನು ಕಂಪ್ಯೂಟರಿನಲ್ಲಿ ಜೋಡಿಸುವ ಕೆಲಸ ಅವನದು. ನಾನು ಆಗ ಅದೇ ಓಣಿಯ ಸೈಬರ್ ಕೆಫೆಯಲ್ಲಿ ದುಡ್ಡಿನ ಗಲ್ಲೆಯ ಮೇಲೆ ಕೂರುತ್ತಿದ್ದೆ. ಸಂಜೆ ಬಸ್ಸಿಗೆ ಹೊತ್ತಿದ್ದರೆ ಅವನು ಬಂದು ನನ್ನ ಪಕ್ಕದ ಕಂಪ್ಯೂಟರಿನಲ್ಲಿ ಆಟ ಆಡುತ್ತಿದ್ದ. ಆ ಕಾಲದ ಆಟಗಳನ್ನು ಕೊಳ್ಳಬೇಕಿರಲಿಲ್ಲ, ಇಳಿಸಿಕೊಳ್ಳಬೇಕಿರಲಿಲ್ಲ. ಬ್ರೌಸರಿನಲ್ಲಿ ವಿಳಾಸ ಹೊಡೆದರೆ ಅಲ್ಲೇ ತೆರೆದುಕೊಳ್ಳುತ್ತಿದ್ದವು. ಯಾರೋ, ಎಲ್ಲೋ, ಹವ್ಯಾಸಕ್ಕಾಗಿ ಮಾಡಿದ ಪುಟ್ಟ ಆಟಗಳು. ಅವುಗಳಲ್ಲಿ ಒಂದು ಹೂದೋಟದ ಆಟ. ಮೂಲ ಜಪಾನಿನದು. ಅದರ ಹುಚ್ಚು ಹಿಡಿದ ಯಾರೋ ಅದನ್ನು ಇಂಗ್ಲಿಷಿಗೆ ತಂದಿದ್ದರು. ಇಂಗ್ಲಿಷಿನಿಂದ ಕನ್ನಡಕ್ಕೆ ತಂದ ಹುಚ್ಚರು ನಾವಿಬ್ಬರು. ಫೈಲು ಬಿಚ್ಚಿ ಮತ್ತೆ ಕೂಡಿಸುವುದು ನನ್ನದು, ಮಾತೆಲ್ಲ ಖಾದರನದು. ತನ್ನಿ ಎಂದು ಯಾರೂ ಕೇಳಿರಲಿಲ್ಲ. ತಂದ ಮೇಲೆ ಶಭಾಶ್ ಎಂದವರೂ ಹೆಚ್ಚಿಲ್ಲ.

ಆಟ ಬಹಳ ಸರಳ. ನಿಮಗೊಂದು ತುಂಡು ನೆಲ. ಸುತ್ತ ಬೇರೆ ಆಟಗಾರರ ತೋಟಗಳು. ಬೀಜ ಹಾಕಬೇಕು, ದಿನಾ ನೀರು ಹಾಕಬೇಕು. ಕೆಲವು ದಿನ ನೀರು ಬೀಳದಿದ್ದರೆ ಗಿಡ ಒಣಗುತ್ತದೆ. ಒಣಗಿದ ಗಿಡ ಮತ್ತೆ ಚಿಗುರುವುದಿಲ್ಲ. ನೀವು ಊರಲ್ಲಿಲ್ಲದಾಗ ಮಗ್ಗುಲ ತೋಟದವರು ಬಂದು ನಿಮ್ಮ ಗಿಡಗಳಿಗೆ ನೀರು ಹಾಕಬಹುದು. ಹಾಗೆ ಹಾಕಿದರೆ, ನೀವು ಆಟ ತೆರೆದ ಕೂಡಲೇ ಇಂಥವರು ಬಂದು ನೀರು ಹಾಕಿ ಹೋದರೆಂದು ತೆರೆಯ ಮೇಲೆ ಬರುತ್ತದೆ. ತೋಟ ನಮ್ಮ ಕಂಪ್ಯೂಟರಿನಲ್ಲೇ ಇರುತ್ತಿತ್ತು. ಮಗ್ಗುಲವರ ಸುದ್ದಿ ಮಾತ್ರ ಇಂಟರ್ನೆಟ್ಟಿನ ಮೂಲಕ, ದೂರದ ಯಾವುದೋ ಸರ್ವರಿನಿಂದ ಬರುತ್ತಿತ್ತು. ಈ ಮಾತನ್ನು ನೆನಪಿಡಿ, ಮುಂದೆ ಬೇಕಾಗುತ್ತದೆ.

ಲಗ್ನಪತ್ರಿಕೆಯ ಪ್ರೆಸ್ಸಿನಲ್ಲಿ ಯಾರೂ ಹೊಸ ಪತ್ರಿಕೆಯನ್ನು ಮೊದಲಿನಿಂದ ಟೈಪು ಮಾಡುವುದಿಲ್ಲ. ಹಿಂದಿನ ಮದುವೆಯ ಫೈಲು ತೆರೆದು, ಹೆಸರು ಅಳಿಸಿ, ಅದರ ಮೇಲೆ ಹೊಸಬರ ಹೆಸರು ಕೂಡಿಸುತ್ತಾರೆ. ಅವಸರದಲ್ಲಿ ಹಳೆಯದು ಒಂದೆರಡು ಉಳಿದೇ ಉಳಿಯುತ್ತದೆ. ಹೀಗೆ ಒಮ್ಮೆ ಮುಂಡರಗಿಯ ಮದುವೆಯೊಂದರ ಪತ್ರಿಕೆಯಲ್ಲಿ ಬೇರೆ ಯಾರದೋ ಸೋದರಮಾವ ಉಳಿದುಬಿಟ್ಟು, ಬೀಗರು ಪ್ರೆಸ್ಸಿನ ಮುಂದೆ ಬಂದು ನಿಂತಿದ್ದರು. ಖಾದರ ಆಟದ ಮಾತುಗಳನ್ನೂ ಅದೇ ಪದ್ಧತಿಯಲ್ಲಿ, ಹಳೆಯ ಪತ್ರಿಕೆಯೊಂದರ ಮೇಲೆಯೇ ಟೈಪು ಮಾಡಿದ. ಪರಿಣಾಮ ಏನಾಯಿತೆಂದರೆ, ಆಟದ ಮೊದಲ ಪುಟದ ನೆತ್ತಿಯ ಮೇಲೆ ‘ಶ್ರೀ ವೀರಭದ್ರೇಶ್ವರ ಪ್ರಸನ್ನ’ ಎಂದು ಉಳಿಯಿತು. ಹೂವು ಅರಳಿದಾಗ ‘ತಮ್ಮ ಆಗಮನಾಭಿಲಾಷಿಗಳು’ ಎಂದು ಬರುತ್ತಿತ್ತು. ಮಗ್ಗುಲ ತೋಟದವರ ಹೆಸರಿನ ಹಿಂದೆಲ್ಲ, ವರನ ಹೆಸರಿಗೆ ಹಾಕುವಂತೆ, ಚಿರಂಜೀವಿಯ ‘ಚಿ.’ ಅಂಟಿಕೊಂಡಿತು.

ಆಟವನ್ನು ಇಂಟರ್ನೆಟ್ಟಿಗೆ ಏರಿಸಿದ ಮೇಲೆಯೇ ನನ್ನ ಕಣ್ಣಿಗೆ ಬಿದ್ದದ್ದು. ತೆಗೆಯೋಣ ಎಂದೆ. ಖಾದರ ಒಪ್ಪಲಿಲ್ಲ.

“ಇರಲಿ ಬಿಡಲೇ. ಮ್ಯಾಲೆ ದೇವರಿಲ್ಲದ ಕಾರ್ಡ ಯಾರ ಕೈಯಾಗ ಕೊಡಾಕ ಬರ್ತೈತಿ? ಮತ್ತ ಕಾರ್ಡಿನ್ಯಾಗ ಬಂದವ್ರು ಎಲ್ಲಾರೂ ಚಿರಂಜೀವಿನ.”

ಗದಗ, ಮುಂಡರಗಿ, ಶಿರಹಟ್ಟಿಯ ಕೆಫೆಗಳಲ್ಲಿ ಕೂರುತ್ತಿದ್ದ ಒಂದಿಷ್ಟು ಹುಡುಗರು ಅದನ್ನು ಆಡಿದರು. ಖಾದರನ ತೋಟ ಅವನ ಮನೆಯ ಕಂಪ್ಯೂಟರಿನಲ್ಲಿತ್ತು, ಆಟದಲ್ಲಿ ಮಾತ್ರ ನನ್ನದರ ಮಗ್ಗುಲಿಗೇ ಇತ್ತು. ಅವನು ಸೇವಂತಿಗೆ ಬಿಟ್ಟು ಬೇರೇನೂ ಹಾಕುತ್ತಿರಲಿಲ್ಲ. ನಾನೂ ಅವನನ್ನು ನೋಡಿ ಅದನ್ನೇ ಹಾಕಿದ್ದೆ. ಆದರೆ ದಿನಾ ನೀರು ಹಾಕುವುದು ನನ್ನಂಥ ಸೋಮಾರಿಯ ಕೆಲಸವಲ್ಲ. ಮಧ್ಯಾಹ್ನ ಯಾವಾಗಲೋ ತೆರೆದರೆ ಗಿಡಗಳೆಲ್ಲ ಹಸಿರಾಗಿರುತ್ತಿದ್ದವು, ಮಣ್ಣು ಒದ್ದೆಯಾಗಿರುತ್ತಿತ್ತು, ಮೇಲೆ ಅವನದೇ ಕನ್ನಡದಲ್ಲಿ ಅವನದೇ ಸುದ್ದಿ ಇರುತ್ತಿತ್ತು: ‘ಚಿ. ಖಾದರ ಇವತ್ತ ಮುಂಜಾನಿ ಬಂದು ನೀರ ಹಾಕಿ ಹೋಗ್ಯಾರ.’ ತಡವಾಗಿ ತೆರೆದರೆ ‘ಇವತ್ತ’ ಹೋಗಿ ‘ನಿನ್ನಿ’ ಆಗುತ್ತಿತ್ತು. ಇನ್ನೂ ತಡವಾದರೆ ‘ಆವಾಗ’. ಆಟ ಕಂಪ್ಯೂಟರಿನ ಗಡಿಯಾರ ನೋಡಿ ಲೆಕ್ಕ ಹಾಕುತ್ತಿತ್ತು.

ಆಮೇಲಿನದು ಎಲ್ಲರಿಗೂ ಗೊತ್ತಿರುವ ಕಥೆಯೇ. ಎಲ್ಲರ ಕೈಗೂ ಮೊಬೈಲು ಬಂತು, ಕೆಫೆಗಳು ಮುಚ್ಚಿದವು. ಆ ದೂರದ ಸರ್ವರನ್ನು ಅದನ್ನು ನಡೆಸುತ್ತಿದ್ದವರು ನಿಲ್ಲಿಸಿದರು. ಕೆಲವು ವರ್ಷಗಳ ಮೇಲೆ, ಇಂಥ ಆಟಗಳನ್ನು ನಡೆಸುತ್ತಿದ್ದ ಫ್ಲ್ಯಾಶ್ ಎಂಬುದನ್ನೇ ಎಲ್ಲ ಬ್ರೌಸರುಗಳೂ ಕಿತ್ತು ಹಾಕಿದವು. ಅಷ್ಟು ಹೊತ್ತಿಗೆ ಖಾದರನ ಕಿಡ್ನಿಗಳು ಕೈಕೊಟ್ಟಿದ್ದವು. ಪ್ರೆಸ್ಸು ಬಿಟ್ಟು ಲಕ್ಷ್ಮೇಶ್ವರದ ಮನೆಯಲ್ಲೇ ಉಳಿದ. ಡಯಾಲಿಸಿಸ್ಸಿಗೆ ಗದಗಿಗೆ ಬಂದು ಹೋಗುವುದೊಂದೇ ಅವನ ಓಡಾಟ. ಮನೆಯ ಹಳೆಯ ಕಂಪ್ಯೂಟರಿನಲ್ಲಿ ಏನನ್ನೂ ಹೊಸದು ಮಾಡಿಸದೆ, ಹಳೆಯ ಬ್ರೌಸರನ್ನೇ ಇಟ್ಟುಕೊಂಡು, ತನ್ನ ತೋಟಕ್ಕೆ ದಿನಾ ನೀರು ಹಾಕುತ್ತಿದ್ದ. ಮಗ್ಗುಲವರು ಯಾರೂ ಉಳಿದಿರಲಿಲ್ಲ. ಅವನೊಬ್ಬನೇ ಇದ್ದ.

ಒಂದು ಬೇಸಿಗೆಯಲ್ಲಿ ಆ ಕಂಪ್ಯೂಟರೂ ಸತ್ತಿತು. ಹಾರ್ಡ್ ಡಿಸ್ಕು ನನ್ನ ಕೈಗೆ ಕೊಟ್ಟು, ತೋಟ ಒಮ್ಮೆ ತೆರೆದು ಕೊಡು, ಒಣಗಿದ್ದರೂ ಚಿಂತೆಯಿಲ್ಲ ಎಂದ. ನನಗೆ ಬರುವುದನ್ನೆಲ್ಲ ಮಾಡಿದೆ. ಹುಬ್ಬಳ್ಳಿಯಲ್ಲಿ ಇದೇ ಕೆಲಸ ಮಾಡುವವರಲ್ಲಿಗೂ ಒಯ್ದೆ. ಒಳಗಿನ ತಟ್ಟೆಯೇ ಗೀರಿ ಹೋಗಿದೆ, ಏನೂ ಬರುವುದಿಲ್ಲ ಎಂದರು. ಆ ಮಾತನ್ನು ಖಾದರನಿಗೆ ಹೇಳುವ ಕಷ್ಟ ನನಗೆ ಬರಲಿಲ್ಲ. ಅಷ್ಟರಲ್ಲಿ ಅವನು ಹೋಗಿದ್ದ.

ಮಣ್ಣಾದ ಮೂರನೆಯ ದಿನ, ತೀರಿದವನಿಗಾಗಿ ಪ್ರಾರ್ಥಿಸುವ ಜಾರತಕ್ಕೆ ಹೋದೆ. ಅವನನ್ನು ಕೊನೆಯವರೆಗೆ ನೋಡಿಕೊಂಡವರು ಅಕ್ಕ ಹಸೀನಾ ಆಪಾ. ಮನೆಯಲ್ಲೇ ಬಟ್ಟೆ ಹೊಲಿಯುತ್ತಾರೆ. ಬಂದವರೆಲ್ಲ ಹೋದ ಮೇಲೆ ಅವರು ಹೊಲಿಗೆ ಯಂತ್ರದ ಪಕ್ಕದ ಖಾಲಿ ಮೇಜು ತೋರಿಸಿದರು.

“ಅಂವ ದಿನಾ ಅದರ ಮುಂದ ಕುಂದರತಿದ್ದ. ಆಪಾ ಬಾ, ಹೂವು ನೋಡು ಅಂತಿದ್ದ. ಗಿರಾಕಿ ಬರ್ತಾರ ತಡಿ ಅಂತಿದ್ದೆ ನಾ. ಅವನ ತ್ವಾಟ ನನಗ ಒಮ್ಮೆ ತೋರಸ ತಮ್ಮಾ.”

ತೋರಿಸುತ್ತೇನೆ ಎಂದೆ. ಬೇರೆ ಏನು ಹೇಳಲು ಬಾಯಿ ಬರುತ್ತದೆ?

ಹಳೆಯ ಆಟಗಳನ್ನು ಉಳಿಸುವವರು ಜಗತ್ತಿನಲ್ಲಿ ಇದ್ದಾರೆ. ಫ್ಲ್ಯಾಶ್ ಇಲ್ಲದೆಯೇ ಅವನ್ನು ನಡೆಸುವ ತಂತ್ರಾಂಶವನ್ನು ಬರೆದು ಪುಕ್ಕಟೆ ಹಂಚುತ್ತಿದ್ದಾರೆ. ಅವರ ಸಂಗ್ರಹದಲ್ಲಿ ನಮ್ಮ ಹೂದೋಟದ ಜಪಾನಿ ಪ್ರತಿ ಸಿಕ್ಕಿತು, ಇಂಗ್ಲಿಷ್ ಪ್ರತಿಯೂ ಸಿಕ್ಕಿತು. ಕನ್ನಡದ್ದು ಇರಲಿಲ್ಲ. ಇರುವುದಾದರೂ ಹೇಗೆ? ನಮ್ಮವರೇ ಇಟ್ಟುಕೊಳ್ಳದ್ದನ್ನು ಜಪಾನಿನವರು ಇಟ್ಟುಕೊಳ್ಳುತ್ತಾರೆಯೇ? ನಾವು ಅದನ್ನು ಏರಿಸಿದ್ದ ಜಾಲತಾಣ ಮುಚ್ಚಿಹೋಗಿತ್ತು, ನನ್ನಲ್ಲೂ ಪ್ರತಿ ಉಳಿದಿರಲಿಲ್ಲ. ಹಾಗಾಗಿ ಮುಚ್ಚಿದ ಕೆಫೆಗಳ ಮಾಲಕರನ್ನು ಹುಡುಕಿ ಹೊರಟೆ. ಶಿರಹಟ್ಟಿಯವರು ಈಗ ಮಿರ್ಚಿ ಭಜಿ ಅಂಗಡಿ ಇಟ್ಟಿದ್ದಾರೆ. ಹಳೆಯ ಸಿಪಿಯು ಡಬ್ಬಿಗಳು ಅವರ ಎಣ್ಣೆ ಡಬ್ಬಗಳಿಗೆ ಪೀಠವಾಗಿ ಕೂತಿದ್ದವು, ಒಳಗೆ ಏನೂ ಇರಲಿಲ್ಲ. ಮುಂಡರಗಿಯಲ್ಲಿ ಎಲ್ಲವನ್ನೂ ಗುಜರಿಗೆ ಹಾಕಿ ಆಗಿತ್ತು. ಈ ಆಟಕ್ಕೆ ಇಷ್ಟು ತಿರುಗಾಟವೇ ಎಂದು ಅವರು ನನ್ನನ್ನು ನೋಡಿದ ಬಗೆ ನೋಡಿ, ನನ್ನ ತಲೆ ಸರಿಯಿದೆಯೇ ಎಂದು ನನಗೇ ಅನುಮಾನ ಬಂತು.

ಕೊನೆಗೆ ಹೊಳೆದದ್ದು ಖಾದರನ ಪ್ರೆಸ್ಸು. ಪ್ರತಿ ಮದುವೆ ಸೀಜನ್ನು ಮುಗಿದ ಮೇಲೆ ಪತ್ರಿಕೆಗಳ ಫೈಲುಗಳನ್ನೆಲ್ಲ ಅವನು ಸಿಡಿಗೆ ಬರೆದಿಡುತ್ತಿದ್ದ. ಅವುಗಳ ನಡುವೆ ನಮ್ಮ ಆಟವೂ ಇರಬಹುದಲ್ಲ? ಮಾಲಕರು ಆ ಸಿಡಿಗಳನ್ನು ಯಳವತ್ತಿಯ ತಮ್ಮ ಅಳಿಯನಿಗೆ ಕೊಟ್ಟೆನೆಂದರು. ಯಾತಕ್ಕೆ ಎಂದರೆ, ಹಕ್ಕಿ ಓಡಿಸಲು. ಯಳವತ್ತಿಗೆ ಹೋಗಿ ನೋಡಿದರೆ ಜೋಳದ ಹೊಲದ ಉದ್ದಕ್ಕೂ ದಾರ ಕಟ್ಟಿ ಸಿಡಿಗಳನ್ನು ತೂಗುಬಿಟ್ಟಿದ್ದರು. ಗದಗ ಸೀಮೆಯ ಅದೆಷ್ಟು ಜನರ ಮದುವೆಗಳು ಬಿಸಿಲಿಗೆ ಫಳಫಳ ಹೊಳೆಯುತ್ತ ಗುಬ್ಬಿಗಳನ್ನು ಬೆದರಿಸುತ್ತಿದ್ದವು. ಅಲ್ಲಿ ನಿಂತು ನಕ್ಕೆ. ಹೊಲದಲ್ಲಿ ತೂಗುತ್ತಿದ್ದವು ಬಿಸಿಲಿಗೆ ಬಿಳಿಚಿ ಕೆಲಸಕ್ಕೆ ಬಾರದಾಗಿದ್ದವು. ಕಟ್ಟದೆ ಚೀಲದಲ್ಲೇ ಉಳಿದಿದ್ದ ಕೆಲವನ್ನು ಕೇಳಿ ತಂದೆ.

ಅವುಗಳಲ್ಲಿ ಒಂದರಲ್ಲಿ ಆಟ ಸಿಕ್ಕಿತು. ಜೊತೆಗೆ ಒಂದು ತೋಟವೂ ಸಿಕ್ಕಿತು. ಫೈಲಿನ ಹೆಸರು ನೋಡಿದರೆ ಅದು ನನ್ನದು. ಯಾವಾಗಲೋ ಪರೀಕ್ಷೆಗೆಂದು ಅವನು ನನ್ನ ತೋಟದ ಪ್ರತಿ ತೆಗೆದುಕೊಂಡಿದ್ದನ್ನು ಸಿಡಿಗೆ ಬರೆದಿಟ್ಟಿದ್ದ. ತನ್ನದನ್ನು ಬರೆದಿಟ್ಟುಕೊಂಡಿರಲಿಲ್ಲ.

ಆಪಾ ಅವರಿಗೆ ಫೋನು ಮಾಡಿ ಇದ್ದದ್ದನ್ನು ಇದ್ದಂತೆ ಹೇಳಿದೆ. ಖಾದರನ ತೋಟ ಸಿಗಲಿಲ್ಲ, ನನ್ನ ತೋಟ ಇದೆ, ಅದೂ ಇಷ್ಟು ವರ್ಷ ನೀರಿಲ್ಲದೆ ಒಣಗಿ ಕಡ್ಡಿಯಾಗಿರುತ್ತದೆ, ಆದರೆ ಅದರಲ್ಲಿರುವ ಮಾತೆಲ್ಲ ಅವನದೇ. ಅದನ್ನೇ ತಾ ಎಂದರು.

ಇದು ಎರಡು ವರ್ಷದ ಹಿಂದಿನ ಮಾತು. ನಾನು ಹೋದಾಗ ಲಕ್ಷ್ಮೇಶ್ವರದಲ್ಲಿ ಕರೆಂಟು ಇರಲಿಲ್ಲ. ಲ್ಯಾಪ್‌ಟಾಪು ಚಾರ್ಜಾಗಿಯೇ ಇತ್ತು. ಇಂಟರ್ನೆಟ್ಟಿನ ಸಂಪರ್ಕ ಬೇಕಿರಲಿಲ್ಲ, ಹಾಕಲೂ ಇಲ್ಲ. ಇದನ್ನು ನಾನು ಆಣೆ ಮಾಡಿ ಹೇಳಬಲ್ಲೆ. ಸಿಡಿಯಿಂದ ಆಟವನ್ನು ಲ್ಯಾಪ್‌ಟಾಪಿಗೆ ಇಳಿಸಿಕೊಂಡಿದ್ದೆನೇ ಹೊರತು ತೋಟವನ್ನು ಒಮ್ಮೆಯೂ ತೆರೆದಿರಲಿಲ್ಲ. ಮೊದಲು ಆಪಾ ಅವರೇ ನೋಡಲಿ ಎಂದಿತ್ತು. ಖಾದರನ ಮೇಜಿನ ಮೇಲೆ ಲ್ಯಾಪ್‌ಟಾಪು ಇಟ್ಟೆ. ಅವರು ಚಹಾ ತಂದು ಕೊಟ್ಟು, ಹೊಲಿಗೆ ಯಂತ್ರದ ಸ್ಟೂಲು ಎಳೆದುಕೊಂಡು ಕೂತರು.

ಮೊದಲ ಪುಟ ಬಂತು. ನೆತ್ತಿಯ ಮೇಲೆ ವೀರಭದ್ರೇಶ್ವರ ಪ್ರಸನ್ನ. ಪ್ರೆಸ್ಸಿನ ಕಥೆ ಹೇಳಿದೆ. ಆಪಾ ಬಾಯಿಗೆ ಸೆರಗು ಒತ್ತಿಕೊಂಡು ನಕ್ಕರು. ಅವನು ಹೋದ ಮೇಲೆ ಆ ಮನೆಯಲ್ಲಿ ನಕ್ಕಿದ್ದು ಅದೇ ಮೊದಲೆಂದು ಅವರೇ ಹೇಳಿದರು. ನಾನು ತೋಟದ ಬಾಗಿಲು ಒತ್ತಿದೆ.

ತೋಟ ಒಣಗಿರಲಿಲ್ಲ.

ಸೇವಂತಿಗೆ ಗಿಡಗಳೆಲ್ಲ ಹಸಿರಾಗಿದ್ದವು, ಹಳದಿ ಹೂವು ತುಂಬಿಕೊಂಡಿದ್ದವು. ಮಣ್ಣು ಒದ್ದೆಯಾದಾಗ ಬರುವ ಕಪ್ಪು ಬಣ್ಣ ನೆಲದ ತುಂಬ ಇತ್ತು. ಮೇಲೆ, ಆ ಹಳೆಯ ಲಗ್ನಪತ್ರಿಕೆಯ ದುಂಡು ಅಕ್ಷರದಲ್ಲಿ, ಒಂದು ಸಾಲು: ‘ಚಿ. ಖಾದರ ಇವತ್ತ ಮುಂಜಾನಿ ಬಂದು ನೀರ ಹಾಕಿ ಹೋಗ್ಯಾರ.’

ಮೊದಲು ನನಗೆ ಹೆದರಿಕೆಯಾಗಲಿಲ್ಲ, ಸಿಟ್ಟು ಬಂತು. ಎಲ್ಲೋ ಏನೋ ತಪ್ಪಿದೆ, ಈ ಹೆಂಗಸಿನ ಮುಂದೆ ನನ್ನ ಯಂತ್ರ ಕೆಟ್ಟ ಚೇಷ್ಟೆ ಮಾಡುತ್ತಿದೆ ಎಂದು. ಗಡಿಯಾರ ಹಿಂದಕ್ಕೆ ಹೋಗಿದೆಯೇ ನೋಡಿದೆ. ಸರಿಯಾಗಿಯೇ ಇತ್ತು. ಅಂದಿನ ತಾರೀಖು, ಅಂದಿನ ಹೊತ್ತು. ಸಂಪರ್ಕ ನೋಡಿದೆ. ಇರಲಿಲ್ಲ. ಇದ್ದರೂ ಆ ಸುದ್ದಿ ಕಳಿಸಬೇಕಾದ ಸರ್ವರು ನಿಂತು ಎಷ್ಟೋ ವರ್ಷವಾಗಿತ್ತು. ಆಪಾ ಅವರಿಗೆ ಇದೇನೂ ಗೊತ್ತಿಲ್ಲ. ಅವರು ಆ ಸಾಲನ್ನು ನಿಧಾನಕ್ಕೆ ಓದಿದರು.

“ಹೌದು. ಮುಂಜಾನೀನ ಹಾಕತಿದ್ದ. ಫಜರ್ ನಮಾಜ್ ಆದ ಕೂಡ್ಲೆ,” ಎಂದರು. ಅವರ ದನಿಯಲ್ಲಿ ಆಶ್ಚರ್ಯ ಇರಲಿಲ್ಲ. ಅದು ನನ್ನನ್ನು ಹೆಚ್ಚು ಕಂಗಾಲು ಮಾಡಿತು.

ಇದು ಹೀಗೆ ಬರಲು ಸಾಧ್ಯವಿಲ್ಲ, ಏನೋ ಹಳೆಯದು ಉಳಿದುಕೊಂಡು ಬಂದಿದೆ ಎಂದು ತಿಳಿಹೇಳಲು ಬಾಯಿ ತೆರೆದೆ. ಪತ್ರಿಕೆಯಲ್ಲಿ ಹಳೆಯ ಸೋದರಮಾವ ಉಳಿದಂತೆ ಎನ್ನಬೇಕೆಂದಿದ್ದೆ. ಆದರೆ ‘ಇವತ್ತ’ ಎಂಬುದು ಹಳೆಯದರಿಂದ ಉಳಿಯುವ ಮಾತಲ್ಲ. ಆಟ ಗಡಿಯಾರ ನೋಡಿಯೇ ಅದನ್ನು ಹಾಕುವುದು.

ಆಪಾ ಕೇಳಿದರು, “ಹಂಗಾರ ಅವನ ತ್ವಾಟಕ್ಕ ಹೋಗಾಕ ಬರ್ತೈತೇನು?”

ಬರುತ್ತಿತ್ತು. ಆಟದಲ್ಲಿ ಮಗ್ಗುಲವರ ಹೆಸರು ಒತ್ತಿದರೆ ಅವರ ತೋಟಕ್ಕೆ ಹೋಗಬಹುದಿತ್ತು. ಒತ್ತಬೇಕೋ ಬೇಡವೋ ತಿಳಿಯದೆ ಆಪಾ ಅವರ ಮುಖ ನೋಡಿದೆ. ಆಮೇಲೆ ಒತ್ತಿದೆ. ತೆರೆಯ ನಡುವೆ ಸಣ್ಣ ಚಕ್ರವೊಂದು ತಿರುಗತೊಡಗಿತು. ಅದರ ಕೆಳಗೆ ಖಾದರನ ಮಾತು: ‘ಬಾಗಲಾ ತಗ್ಯಾಕ ಹತ್ಯಾರ. ಚೂರ ತಡೀರಿ.’

ತಡೆದೆವು. ಚಹಾ ಆರಿತು. ಚಕ್ರ ತಿರುಗುತ್ತಲೇ ಇತ್ತು. ಸರ್ವರು ಇಲ್ಲದಾಗ ಆಗಬೇಕಾದದ್ದೇ ಅದು, ಅದರಲ್ಲಿ ವಿಚಿತ್ರ ಏನೂ ಇಲ್ಲ. ಬಂದ್ ಮಾಡಲು ಕೈ ಚಾಚಿದರೆ ಆಪಾ ನನ್ನ ಕೈ ಹಿಡಿದರು. ಬಾಗಿಲು ತೆಗೆಯುತ್ತಿದ್ದಾರೆ ಎಂದು ಬರೆದಿರುವಾಗ ಎದ್ದು ಹೋಗುವುದು ಹೇಗೆ ಎಂಬಂತೆ ಕೂತಿದ್ದರು. ರವಿಕೆ ಹೊಲಿಸಲು ಬಂದವರನ್ನು ನಾಳೆ ಬರ್ರಿ ಎಂದು ಹೊರಗಿನಿಂದಲೇ ಕಳಿಸಿದರು. ಕರೆಂಟು ಬರಲಿಲ್ಲ. ಬ್ಯಾಟರಿ ಇಳಿಯುತ್ತಿದ್ದುದು ಕೆಳಗಿನ ಮೂಲೆಯಲ್ಲಿ ನನಗೆ ಕಾಣುತ್ತಿತ್ತು. ನಾನು ಹೇಳಲಿಲ್ಲ. ತೆರೆ ಕಪ್ಪಾದಾಗ ಅದರಲ್ಲಿ ಅವರ ಮುಖ ಕಂಡಿತು, ಪಕ್ಕದಲ್ಲಿ ನನ್ನದು. ಬೇರೆ ಯಾರೂ ಇರಲಿಲ್ಲ.

ಬೆಟಗೇರಿಗೆ ಬಂದು ಚಾರ್ಜಿಗೆ ಹಚ್ಚಿ ಮತ್ತೆ ತೆರೆದೆ. ಕಡ್ಡಿಗಳು. ಕಂದು ಬಣ್ಣದ ಒಣ ಕಡ್ಡಿಗಳು, ಬಿರಿದ ನೆಲ. ಮೇಲೆ ಯಾವ ಸುದ್ದಿಯೂ ಇರಲಿಲ್ಲ. ಸಿಡಿಯಿಂದ ಹೊಸದಾಗಿ ತೋಟ ಇಳಿಸಿಕೊಂಡೆ. ಅದೂ ಕಡ್ಡಿಯೇ. ಗಡಿಯಾರ ಹಿಂದೆ ಮಾಡಿ, ಮತ್ತೊಮ್ಮೆ ಹೊಸದಾಗಿ ಇಳಿಸಿ ನೋಡಿದೆ. ಗಿಡ ಹಸಿರಾಯಿತು, ಆದರೆ ಹೆಸರು ಬರಲಿಲ್ಲ. ಹಳೆಯ ಆಟಗಳನ್ನು ಉಳಿಸುವವರಲ್ಲಿ ಬಹಳ ಬಲ್ಲ ಒಬ್ಬರಿಗೆ ಎಲ್ಲವನ್ನೂ ಬರೆದೆ. ನೀವು ಹೇಳುವಂತೆ ಆಗಲು ದಾರಿಯಿಲ್ಲ, ತಪ್ಪಾಗಿ ನೆನಪಿಟ್ಟುಕೊಂಡಿರಬೇಕು ಎಂದು ಮರ್ಯಾದೆಯಿಂದ ಉತ್ತರಿಸಿದರು. ಅವರ ಜಾಗದಲ್ಲಿದ್ದರೆ ನಾನೂ ಹಾಗೆಯೇ ಬರೆಯುತ್ತಿದ್ದೆ, ಬಹುಶಃ ಜಿರಲೆಯ ಕಥೆಯನ್ನೂ ಸೇರಿಸಿ. ಆದರೆ ನೋಡಿದವರು ನಾವಿಬ್ಬರು.

ತೋಟ ಒಣಗಿದೆ ಎಂದು ಆಪಾ ಅವರಿಗೆ ಹೇಳಿದ್ದೇನೆ. ಅದರ ಬಗ್ಗೆ ಅವರಿಗೆ ಅಷ್ಟಾಗಿ ಚಿಂತೆಯಿಲ್ಲ, ಅದು ನನ್ನ ತೋಟವಲ್ಲವೇ. ಆಗಾಗ ಫೋನು ಮಾಡುತ್ತಾರೆ. ಅದು ಇದು ಮಾತಾಡಿ ಕೊನೆಗೆ, ಬಾಗಿಲು ತೆಗೆದರೇನು ಎಂದು ಕೇಳುತ್ತಾರೆ. ಇನ್ನೂ ಇಲ್ಲ ಎನ್ನುತ್ತೇನೆ. ತೆರೆಯುವುದಿಲ್ಲ ಎಂಬುದು ನನಗೆ ಗೊತ್ತು. ನನ್ನ ಕಸುಬಿನಲ್ಲಿ ಇದಕ್ಕಿಂತ ಖಚಿತವಾಗಿ ಗೊತ್ತಿರುವುದು ಬೇರೊಂದಿಲ್ಲ. ಡಿಸ್ಕು ಗೀರಿ ಹೋಗಿದೆ, ಸರ್ವರು ಇಲ್ಲ, ಅವನೂ ಇಲ್ಲ.

ಆದರೂ ಅಂಗಡಿಯ ಬಾಗಿಲು ತೆರೆದು ದೀಪ ಹಚ್ಚಿದ ಮೇಲೆ ದಿನಾ ಒಮ್ಮೆ ಆಟ ತೆರೆಯುತ್ತೇನೆ. ಆ ಒಣ ಕಡ್ಡಿಗಳಿಗೆ ನೀರು ಹಾಕುತ್ತೇನೆ. ಒಣಗಿದ್ದು ಚಿಗುರುವುದಿಲ್ಲ ಎಂಬ ಆಟದ ನಿಯಮವನ್ನು ಕನ್ನಡದಲ್ಲಿ ಕೂಡಿಸಿದ್ದು ನಾವೇ. ಅಂದು ಬಂದು ನನ್ನ ಗಿಡಕ್ಕೆ ನೀರು ಹಾಕಿದವರು ಯಾರೆಂದು ನನಗೆ ತಿಳಿದಿಲ್ಲ, ಹೇಗೆಂದೂ ತಿಳಿದಿಲ್ಲ. ಅವನೇ ಆಗಿದ್ದರೆ, ಅವನ ತೋಟವೂ ಎಲ್ಲೋ ಇರಬೇಕು. ಅಲ್ಲಿ ಮಗ್ಗುಲ ಮನೆಯವನು ನಾನೊಬ್ಬನೇ. ಹೋಗಿ ಅವನ ಗಿಡಕ್ಕೆ ನೀರು ಹಾಕೋಣವೆಂದರೆ ನನಗೆ ದಾರಿಯಿಲ್ಲ.